ಸಾಕಿದ ಸಾಲ್ಮನ್ ತಿಂದರೆ ಕಡಲ ಮೀನು ಉಳಿಯುತ್ತದಾ?

ಶಿರಿಯಾ ಹೊಳೆ · ಭಾನುವಾರ ರಾತ್ರಿ

ಅಕ್ಕನ ಮಗ ದುಬೈಯಿಂದ ರಜೆಗೆ ಬಂದವನು ಐಸ್ ಪೆಟ್ಟಿಗೆಯಲ್ಲಿ 2 ಕಿಲೋ ಸಾಲ್ಮನ್ ತಂದಿದ್ದ. ಮೇಲೆ ನಾರ್ವೆ ಎಂದು ಚೀಟಿ. ಕಿತ್ತಳೆ ಬಣ್ಣ, ಮಾಂಸದ ನಡುನಡುವೆ ಬಿಳಿ ಗೆರೆ. ಅಮ್ಮ ಅದನ್ನು ಆಚೀಚೆ ತಿರುಗಿಸಿ ನೋಡಿ "ಇದರ ತಲೆ ಎಲ್ಲಿ?" ಎಂದು ಕೇಳಿದರು. ತಲೆ ಇಲ್ಲದ ಮೀನಿನ ಸಾರು ಎಂತ ಸಾರು ಎಂದು ಅವರ ಲೆಕ್ಕ. ಕೊನೆಗೆ ಬಂಗುಡೆಗೆ ಮಾಡುವ ಹಾಗೆ ಪುಳಿಮುಂಚಿ ಮಾಡಿದರು. ಸಾರಿನ ಮೇಲೆ ಎಣ್ಣೆಯ ಒಂದು ಪದರ ತೇಲಿತು, ತೆಂಗಿನೆಣ್ಣೆ ಹಾಕದೆಯೇ.

ಊಟಕ್ಕೆ ಕೂತಾಗ ಅಳಿಯ ಶುರು ಮಾಡಿದ. "ಮಾವ, ಇದೆಲ್ಲ ಫಾರ್ಮಿನ ಕೋಳಿ ಥರ ಸಾಕಿದ ಮೀನು. ಇದನ್ನು ತಿಂದರೆ ಕಡಲಿನ ಮೀನಿಗೆ ಏನೂ ತೊಂದರೆ ಇಲ್ಲ. ಬೂತಾಯಿ ಬೂತಾಯಿ ಎಂದು ಕಡಲು ಖಾಲಿ ಮಾಡಿದ್ದು ನೀವು." ನನಗೆ ಉತ್ತರ ಬರಲಿಲ್ಲ. ಆದರೆ ಸಾಲ್ಮನ್ ಸಾಕುವ ಊರುಗಳಲ್ಲೇ ಹೊಳೆಯ ಸಾಲ್ಮನ್ ಕಡಿಮೆ ಆಗುತ್ತಿದೆ ಎಂದು ಎಲ್ಲೋ ಓದಿದ ನೆನಪಿದೆ. ಸಾಕುವುದು ಸಾಕಲಿ, ಕಾಡು ಮೀನು ಯಾಕೆ ಕಡಿಮೆ ಆಗಬೇಕು? ಗೊತ್ತಿದ್ದವರು ಹೇಳಿ. ಅವನು ಹೋಗುವುದು ಶುಕ್ರವಾರ, ಅಷ್ಟರೊಳಗೆ ನನಗೊಂದು ಉತ್ತರ ಬೇಕು.

ಕಸಬ ಅಕ್ಕ · ಭಾನುವಾರ ರಾತ್ರಿ

ಮೊದಲು ಒಂದು ಗೊಂದಲ ಬಿಡಿಸುತ್ತೇನೆ. ನಮ್ಮ ಕಡೆ ಹೋಟೆಲಿನವರು 'ಇಂಡಿಯನ್ ಸಾಲ್ಮನ್' ಎಂದು ಬರೆಯುವುದು ರಾವಸ್ ಮೀನಿಗೆ. ಅದಕ್ಕೂ ಇದಕ್ಕೂ ನೆಂಟಸ್ತಿಕೆ ಇಲ್ಲ. ರಾವಸ್ ನಮ್ಮ ಕಡಲಿನದ್ದೇ, ಬಲೆಗೆ ಬೀಳುವುದು.

ಉಳಿದದ್ದು ನನಗೆ ಗೊತ್ತಿಲ್ಲ. ಅಮ್ಮನ ಪುಳಿಮುಂಚಿ ಹೇಗಾಯಿತು, ಅದನ್ನು ಹೇಳಲೇ ಇಲ್ಲ ನೀವು.

ಶಿರಿಯಾ ಹೊಳೆ · ಭಾನುವಾರ ರಾತ್ರಿ

ಬೆಣ್ಣೆ ತಿಂದ ಹಾಗಾಯಿತು ಅಕ್ಕ. ಎರಡನೇ ತುಂಡು ಯಾರಿಗೂ ಬೇಡವಾಯಿತು.

ಬರ್ಗನ್ ಬದಿಯಡ್ಕ · ಸೋಮವಾರ

ಬದಿಯಡ್ಕದವ ನಾನು. ನಾರ್ವೆಯ ಬರ್ಗನ್‌ಗೆ ಬಂದು ಆರು ವರ್ಷ ಆಯಿತು. ಮೊದಲೇ ಹೇಳಿಬಿಡುತ್ತೇನೆ, ನಾನು ಮೀನು ತಿನ್ನುವವನಲ್ಲ, ಆದರೆ ನನ್ನ ಕೆಲಸ ಸಾಲ್ಮನ್ ಮೈಮೇಲಿನ ಹೇನು ಎಣಿಸುವ ಸಾಫ್ಟ್‌ವೇರ್ ಬರೆಯುವುದು. ಅಜ್ಜಿಗೆ ಇದನ್ನು ಇನ್ನೂ ಹೇಳಿಲ್ಲ. ಕಂಪ್ಯೂಟರ್ ಕೆಲಸ ಎಂದಷ್ಟೇ ಗೊತ್ತು.

ಹೇನು ಎಂದರೆ ನಿಜಕ್ಕೂ ಹೇನಲ್ಲ, ಸಿಗಡಿ ಏಡಿಗಳ ದೂರದ ನೆಂಟ. ಹೆಣ್ಣು ಹೇನು ಒಂದು ಸೆಂಟಿಮೀಟರಿನಷ್ಟು ಉದ್ದ, ಹಿಂದೆ ಎರಡು ದಾರ ಜೋತು ಬಿದ್ದಿರುತ್ತದೆ, ಆ ದಾರದ ತುಂಬ ಮೊಟ್ಟೆ. ಮೀನಿನ ಲೋಳೆ, ಚರ್ಮ, ರಕ್ತ ತಿಂದು ಬದುಕುತ್ತದೆ. ಐದು ಕಿಲೋ ಮೀನಿಗೆ ನಾಲ್ಕೈದು ಹೇನು ದೊಡ್ಡ ವಿಷಯವಲ್ಲ. ಗ್ರಹಚಾರ ಇರುವುದು ಮರಿಗೆ.

ಸಾಲ್ಮನ್ ಹುಟ್ಟುವುದು ಹೊಳೆಯಲ್ಲಿ. ಎರಡು ಮೂರು ವರ್ಷ ಅಲ್ಲೇ ಬೆಳೆದು, ಬರೀ 15–20 ಗ್ರಾಂ ಇರುವಾಗ ವಸಂತದಲ್ಲಿ ಕಡಲಿಗೆ ಇಳಿಯುತ್ತದೆ, ದೊಡ್ಡದಾಗಿ ಮೊಟ್ಟೆ ಇಡಲು ಅದೇ ಹೊಳೆಗೆ ಹತ್ತುತ್ತದೆ. ಮೊದಲ ಮಳೆಗೆ ನಮ್ಮ ಗದ್ದೆ ತೋಡಿಗೆ ಮೀನು ಹತ್ತುವುದಿಲ್ಲವಾ, ಹಾಗೆ, ಆದರೆ ಸಾವಿರಾರು ಕಿಲೋಮೀಟರ್ ಸುತ್ತಿ ಬಂದು. ಹಿಂದೆ ಮರಿ ಇಳಿಯುವ ಹೊತ್ತಿಗೆ ಫಿಯೊರ್ಡಿನಲ್ಲಿ, ಅಂದರೆ ಬೆಟ್ಟದ ನಡುವೆ ಒಳಗೆ ನುಗ್ಗಿದ ಕಡಲಿನಲ್ಲಿ, ದೊಡ್ಡ ಸಾಲ್ಮನ್ ಹೆಚ್ಚು ಇರುತ್ತಿರಲಿಲ್ಲ. ಹೊಳೆ ಹತ್ತಿದ ದೊಡ್ಡ ಮೀನಿನ ಹೇನು ಸಿಹಿನೀರಿಗೆ ಉದುರಿ ಹೋಗುತ್ತಿತ್ತು. ಹಾಗಾಗಿ ಮರಿ ಹೊರಡುವಾಗ ದಾರಿ ಸ್ವಚ್ಛ. ಈಗ ಅದೇ ದಾರಿಯಲ್ಲಿ ವರ್ಷವಿಡೀ ಸಾಲ್ಮನ್ ಸಾಕುವ ಬಲೆಯ ಪಂಜರ. ಒಂದು ಪಂಜರದಲ್ಲಿ 2 ಲಕ್ಷ ಮೀನಿನ ತನಕ ಇಡಬಹುದು ಎಂದು ಕಾನೂನು. ಹೇನಿಗೆ ಇದಕ್ಕಿಂತ ಒಳ್ಳೆಯ ಮನೆ ಬೇಕಾ? ಬಲೆಗೆ ಮೀನನ್ನು ತಡೆಯಲು ಬರುತ್ತದೆ, ನೀರನ್ನು ತಡೆಯಲು ಬರುವುದಿಲ್ಲ. ಹೇನಿನ ಮರಿ ನೀರಿನ ಜೊತೆ ಹೊರಗೆ ಹೋಗುತ್ತದೆ. ಅಂಥದ್ದು ಹತ್ತು ಹನ್ನೆರಡು ಹತ್ತಿದರೆ 15 ಗ್ರಾಂನ ಮರಿ ಉಳಿಯುವುದು ಕಷ್ಟ.

ಇಲ್ಲಿಯ ನಿಯಮ ಏನು ಗೊತ್ತಾ? ಸರಾಸರಿ ಒಂದು ಮೀನಿಗೆ ದೊಡ್ಡ ಹೆಣ್ಣು ಹೇನು 0.5 ದಾಟಬಾರದು. ಮರಿ ಇಳಿಯುವ ವಸಂತದ ಕೆಲವು ವಾರ 0.2. ಅರ್ಧ ಹೇನು ಎಂದರೆ ನಗು ಬರುತ್ತದೆ. 0.2 ಅನ್ನು 2 ಲಕ್ಷದಿಂದ ಗುಣಿಸಿ ನೋಡಿ, ಒಂದೇ ಪಂಜರದಲ್ಲಿ 40,000. ನಾರ್ವೆಯ ಪಂಜರಗಳಲ್ಲಿರುವ ಸಾಲ್ಮನ್ ಸುಮಾರು 40 ಕೋಟಿ. ಕಡಲಿನಿಂದ ಹೊಳೆಗೆ ವಾಪಸು ಬರುವ ಕಾಡು ಸಾಲ್ಮನ್ 5 ಲಕ್ಷಕ್ಕಿಂತಲೂ ಕಡಿಮೆ. 1980ರ ದಶಕದಲ್ಲಿ 10 ಲಕ್ಷ ಇತ್ತು.

ಪೆರ್ಲ ಅಡಿಕೆ · ಸೋಮವಾರ

ಭಟ್ರೇ, ಲೆಕ್ಕ ಚಂದ ಇದೆ. ಆದರೆ ಹೇನು ಕಾಡು ಮೀನಿನಿಂದಲೇ ಪಂಜರಕ್ಕೆ ಬಂದದ್ದಲ್ವಾ? ಎಲ್ಲದಕ್ಕೂ ಸಾಕುವವನನ್ನೇ ಹಿಡಿಯುವುದು ಯಾಕೆ? ಅಲ್ಲಿ ಅಣೆಕಟ್ಟು ಇಲ್ವಾ, ಕಡಲು ಬಿಸಿ ಆಗುತ್ತಿಲ್ವಾ, ಗಾಳ ಹಾಕುವವರು ಇಲ್ವಾ? ಪೇಟೆಯಲ್ಲಿ ಕೂತವರಿಗೆ ಕೃಷಿಕ ಎಂದರೆ ಯಾವಾಗಲೂ ಕಳ್ಳನೇ. ನನಗೆ ಈ ರಾಗ ಕೇಳಿ ಸಾಕಾಗಿದೆ.

ಬರ್ಗನ್ ಬದಿಯಡ್ಕ · ಸೋಮವಾರ

ಅಣ್ಣ, ಅರ್ಧ ಒಪ್ಪುತ್ತೇನೆ. ಸಾಕಾಣಿಕೆಯೇ ಇಲ್ಲದ ಹೊಳೆಗಳಲ್ಲೂ ಸಾಲ್ಮನ್ ಕಡಿಮೆ ಆಗಿದೆ. 2023ರ ಡಿಸೆಂಬರಿನಲ್ಲಿ ಐಯುಸಿಎನ್ ಎಂಬ ಪ್ರಕೃತಿ ಸಂರಕ್ಷಣೆಯ ಅಂತರರಾಷ್ಟ್ರೀಯ ಸಂಸ್ಥೆಯ ಕೆಂಪು ಪಟ್ಟಿಯಲ್ಲಿ ಅಟ್ಲಾಂಟಿಕ್ ಸಾಲ್ಮನ್ ಅನ್ನು 'ಚಿಂತೆ ಇಲ್ಲ' ಎನ್ನುವ ಸಾಲಿನಿಂದ ತೆಗೆದು 'ಅಪಾಯದ ಹತ್ತಿರ' ಎನ್ನುವ ಸಾಲಿಗೆ ಹಾಕಿದರು. 2006ರಿಂದ 2020ರೊಳಗೆ ಜಗತ್ತಿನಲ್ಲಿ 23 ಶೇಕಡಾ ಇಳಿದಿದೆ ಎಂದು ಕಾರಣ ಕೊಟ್ಟರು. ಅದರಲ್ಲಿ ಬಿಸಿಯಾಗುವ ಕಡಲಿನ ಪಾಲೂ ಇದೆ, ಅಣೆಕಟ್ಟಿನ ಪಾಲೂ ಇದೆ.

ಆದರೆ ನಾರ್ವೆಯ ಮಟ್ಟಿಗೆ ಹೇನು ಮತ್ತು ತಪ್ಪಿಸಿಕೊಂಡ ಸಾಕು ಮೀನು ದೊಡ್ಡ ಅಪಾಯ ಎಂದು ಹೇಳುತ್ತಿರುವುದು ಇಲ್ಲಿಯ ಸರ್ಕಾರ ನೇಮಿಸಿದ ವಿಜ್ಞಾನಿಗಳೇ. 2017ರಿಂದ ಕರಾವಳಿಯನ್ನು 13 ವಲಯ ಮಾಡಿ ಟ್ರಾಫಿಕ್ ಸಿಗ್ನಲ್ ಥರ ಬಣ್ಣ ಕೊಡುತ್ತಾರೆ. ಕಾಡು ಮರಿಗೆ ಹೇನಿನ ಕಾಟ ಕಡಿಮೆ ಇದ್ದರೆ ಹಸಿರು, ಸಾಕಾಣಿಕೆ 6 ಶೇಕಡಾ ಹೆಚ್ಚಿಸಬಹುದು. ಕೆಂಪು ಬಿದ್ದರೆ 6 ಶೇಕಡಾ ಇಳಿಸಬೇಕು. ಇಷ್ಟೆಲ್ಲ ಮಾಡಿದ ಮೇಲೂ 2024ರ ಬೇಸಿಗೆಯಲ್ಲಿ ವಾಪಸು ಬಂದ ಸಾಲ್ಮನ್ ಎಷ್ಟು ಕಡಿಮೆ ಎಂದರೆ, ಜೂನಿನಲ್ಲಿ 33 ಹೊಳೆಗಳಲ್ಲಿ ಗಾಳ ಹಾಕುವುದನ್ನೇ ನಿಲ್ಲಿಸಿದರು. ನನ್ನ ಮನೆ ಮಾಲೀಕ ಅಜ್ಜ ಎರಡು ವಾರ ಯಾರ ಹತ್ತಿರವೂ ಸರಿಯಾಗಿ ಮಾತಾಡಲಿಲ್ಲ.

ಕಸಬ ಅಕ್ಕ · ಸೋಮವಾರ

ಬಂಗುಡೆಯ ಕಿವಿರು ಎತ್ತಿದರೆ ಒಮ್ಮೊಮ್ಮೆ ಒಳಗೆ ಬಿಳಿ ಹುಳ ಕೂತಿರುತ್ತದೆ, ಕಾಲುಗಳೆಲ್ಲ ಮಡಚಿ, ಹಲಸಿನ ಬೀಜದ ಸಿಪ್ಪೆಯ ಹಾಗೆ. ನಮ್ಮ ಅಮ್ಮ ಬುಟ್ಟಿ ಹೊತ್ತು ಮಾರುವಾಗ ಗಿರಾಕಿ ನೋಡುವ ಮೊದಲೇ ಉಗುರಿನಲ್ಲಿ ಕಿತ್ತು ಬಿಸಾಡುತ್ತಿದ್ದರು. ಹತ್ತು ಬಂಗುಡೆಯಲ್ಲಿ ಒಂದಕ್ಕೆ ಇದ್ದರೆ ಇತ್ತು. ಒಂದೇ ಜಾಗದಲ್ಲಿ 2 ಲಕ್ಷ ಬಂಗುಡೆ ಕೂಡಿ ಹಾಕಿದರೆ ಆ ಹುಳಕ್ಕೆ ಜಾತ್ರೆಯೇ ಅಲ್ವಾ?

ಪೆರ್ಲ ಅಡಿಕೆ · ಮಂಗಳವಾರ

ಸರಿ, ಹೇನಾದರೆ ಮದ್ದು ಹೊಡೆಯಬಹುದಲ್ಲ?

ಬರ್ಗನ್ ಬದಿಯಡ್ಕ · ಮಂಗಳವಾರ

ಹೊಡೆದರು. ತಿಂಡಿಯಲ್ಲಿ ಮದ್ದು, ನೀರಿಗೆ ಮದ್ದು, ಹೈಡ್ರೋಜನ್ ಪೆರಾಕ್ಸೈಡಿನ ಸ್ನಾನ. ಕೆಲವು ವರ್ಷದಲ್ಲಿ ಹೇನು ಅದನ್ನೆಲ್ಲ ಅರಗಿಸಿಕೊಂಡಿತು. ಹೇನು ಸಾಯುವ ಮದ್ದು ಸಿಗಡಿಗೂ ಒಳ್ಳೆಯದಲ್ಲ, ಎರಡೂ ಒಂದೇ ಕುಲದವು. ಆಮೇಲೆ ಹೇನು ಹೆಕ್ಕಿ ತಿನ್ನುವ ಸಣ್ಣ ಮೀನುಗಳನ್ನು ಪಂಜರಕ್ಕೆ ಬಿಟ್ಟರು. ವರ್ಷಕ್ಕೆ ಕೋಟಿಗಟ್ಟಲೆ. ಅದರಲ್ಲಿ ಎಷ್ಟೋ ಮೀನನ್ನು ಕಡಲಿನಿಂದಲೇ ಹಿಡಿದು ತರುತ್ತಾರೆ, ಮತ್ತು ಪಂಜರದಲ್ಲಿ ಅವು ಹೆಚ್ಚು ದಿನ ಬಾಳುವುದಿಲ್ಲ. ಅಂದರೆ ಸಾಲ್ಮನ್ ಉಳಿಸಲು ಇನ್ನೊಂದು ಕಾಡು ಮೀನು ಖಾಲಿ. ಈಗ ಜಾಸ್ತಿ ನಡೆಯುವುದು ಮೀನನ್ನು ಪೈಪಿನಲ್ಲಿ ಎಳೆದು ಅರ್ಧ ನಿಮಿಷ ಬಿಸಿನೀರಿಗೆ ಹಾಕುವುದು, ಸುಮಾರು 30 ಡಿಗ್ರಿ. ನಮಗೆ ಅದು ತಣ್ಣೀರು, ಆದರೆ 8 ಡಿಗ್ರಿಯಲ್ಲಿ ಬದುಕುವ ಮೀನಿಗೆ ಯೋಚಿಸಿ. 2023ರಲ್ಲಿ ಕಡಲ ಪಂಜರಗಳಲ್ಲೇ ಸತ್ತದ್ದು 6.28 ಕೋಟಿ ಸಾಲ್ಮನ್. 16.7 ಶೇಕಡಾ. ಹೇನಿಗೆ ಕೊಡುವ ಈ ಚಿಕಿತ್ಸೆಯ ಪೆಟ್ಟೂ ಅದಕ್ಕೆ ಒಂದು ಕಾರಣ.

ಪೆರ್ಲ ಅಡಿಕೆ · ಮಂಗಳವಾರ

ಮದ್ದಿನ ವಿಷಯ ಬಂತಲ್ಲ, ಅಲ್ಲಿಗೆ ನಾನು ಬಾಯಿ ಮುಚ್ಚುತ್ತೇನೆ. ನಮ್ಮ ಎಣ್ಮಕಜೆಯಲ್ಲಿ ಗೇರು ತೋಟಕ್ಕೆ ಹೆಲಿಕಾಪ್ಟರಿನಲ್ಲಿ ಎಂಡೋಸಲ್ಫಾನ್ ಹೊಡೆಯುತ್ತಿದ್ದರು, 2000ದ ತನಕ. ಬಾವಿ ಮುಚ್ಚಿಡಿ ಎಂದು ಹೇಳುತ್ತಿದ್ದರು. ತೋಡನ್ನು ಯಾವುದರಲ್ಲಿ ಮುಚ್ಚುವುದು? ಮರುದಿನ ತೋಡಿನಲ್ಲಿ ಮೀನು ಹೊಟ್ಟೆ ಮೇಲೆ ಮಾಡಿ ತೇಲುತ್ತಿತ್ತು, ನಾನೇ ಶಾಲೆಗೆ ಹೋಗುವಾಗ ನೋಡಿದ್ದೇನೆ. ಒಂದು ಕಡೆ ಹಾಕಿದ್ದು ಅಲ್ಲೇ ನಿಲ್ಲುತ್ತದೆ ಎಂದು ನನಗೆ ಯಾರೂ ಹೇಳಬೇಡಿ.

ಆದರೂ ಕೃಷಿಕನನ್ನು ಬೈಯುವವರ ಸಾಲಿಗೆ ನಾನು ಸೇರಿದೆ ಎಂದು ತಿಳಿಯಬೇಡಿ.

ಪಂಜರ ಮೀನು · ಮಂಗಳವಾರ ರಾತ್ರಿ

ನೋಡುತ್ತಾ ಇದ್ದೆ, ಈಗ ಬರೆಯಲೇಬೇಕು. ಮೊಗ್ರಾಲ್ ಹೊಳೆಯ ಅಳಿವೆ ಹತ್ತಿರ ನನ್ನದು ಎರಡು ಪಂಜರ ಇದೆ. ನೀಲಿ ಡ್ರಮ್ಮು, ಜಿಐ ಪೈಪು, 4 ಮೀಟರಿನ ಚೌಕ. 800 ಕುರುಡಿ ಮರಿ ಬಿಟ್ಟಿದ್ದೇನೆ, ಮಲಯಾಳದವರು ಕಾಳಾಂಜಿ ಎನ್ನುತ್ತಾರಲ್ಲ ಅದು. ಪ್ರಧಾನಮಂತ್ರಿ ಮತ್ಸ್ಯ ಸಂಪದದಲ್ಲಿ 40 ಶೇಕಡಾ ಸಬ್ಸಿಡಿ, ಉಳಿದದ್ದು ಸೊಸೈಟಿ ಸಾಲ. ನಾರ್ವೆಯವರ ಪಾಪವನ್ನು ನನ್ನ ತಲೆಗೆ ಕಟ್ಟಬೇಡಿ ಮಾರಾಯ್ರೆ. ಅವರದು 2 ಲಕ್ಷ, ನನ್ನದು 400. ಕುರುಡಿ ಇದೇ ಹೊಳೆಯ ಮೀನು, ಪರದೇಶಿ ಅಲ್ಲ.

ಕಡಲ ಮಗ ಮಂಜೇಶ್ವರ · ಮಂಗಳವಾರ ರಾತ್ರಿ

ಅಣ್ಣ, ಬೇಸರ ಮಾಡಬೇಡಿ, ಒಂದೇ ಪ್ರಶ್ನೆ. ತಿಂಡಿ ಎಂತ ಹಾಕುತ್ತೀರಿ?

ಪಂಜರ ಮೀನು · ಮಂಗಳವಾರ ರಾತ್ರಿ

ಪೆಲೆಟ್, ಅಂದರೆ ಗುಳಿಗೆ ತಿಂಡಿಯ ರೇಟು ಕೇಳಿದರೆ ತಲೆ ತಿರುಗುತ್ತದೆ. ಬಂದರಿನಿಂದ ಸಣ್ಣ ಮೀನು ತಂದು ಕತ್ತರಿಸಿ ಹಾಕುತ್ತೇನೆ. ಬೂತಾಯಿ ಮರಿ, ಚೂರುಪಾರು. ಮನುಷ್ಯರು ತಿನ್ನದ್ದು.

ಕಡಲ ಮಗ ಮಂಜೇಶ್ವರ · ಬುಧವಾರ

ಮನುಷ್ಯರು ತಿನ್ನದ್ದಲ್ಲ, ಮನುಷ್ಯರು ತಿನ್ನುವಷ್ಟು ದೊಡ್ಡದಾಗಲು ಬಿಡದ್ದು.

ಶಿರಿಯಾದವರೇ, ನಿಮ್ಮ ಅಳಿಯನಿಗೆ ಉತ್ತರ ಇಲ್ಲೇ ಇದೆ. ಸಾಲ್ಮನ್ ಕೋಳಿ ಅಲ್ಲ. ಕೋಳಿ ಜೋಳ ತಿಂದು ಬೆಳೆಯುತ್ತದೆ, ಸಾಲ್ಮನ್ ಮೀನು ತಿನ್ನುವ ಮೀನು. ಅದರ ತಿಂಡಿಗೆ ಮೀನಿನ ಹುಡಿ ಬೇಕು, ಮೀನಿನ ಎಣ್ಣೆ ಬೇಕು. ಒಂದು ಕಿಲೋ ಹುಡಿಗೆ ನಾಲ್ಕೈದು ಕಿಲೋ ಹಸಿ ಮೀನು. ಪೆರುವಿನ ಕಡಲಿನಲ್ಲಿ ಆಂಚೋವೆಟಾ ಎಂದು ನಮ್ಮ ಕೊಲ್ಲತರು ಥರದ ಸಣ್ಣ ಮೀನು ಲಕ್ಷಗಟ್ಟಲೆ ಟನ್ ಹಿಡಿಯುತ್ತಾರೆ, ಹೆಚ್ಚಿನದ್ದೂ ಹುಡಿಗೆ. ನನಗೆ ಹೊಟ್ಟೆ ಉರಿಯುವುದು ಸೆನೆಗಲ್, ಮೌರಿಟಾನಿಯಾದ ಕಥೆ ಕೇಳುವಾಗ. ಅಲ್ಲಿಯ ಬಡವರ ಮೀನು ಸಾರ್ಡಿನೆಲ್ಲಾ, ನಮ್ಮ ಬೂತಾಯಿಯ ಸ್ವಂತ ತಂಗಿ. ಸೆನೆಗಲ್‌ನಲ್ಲಿ ಯಾಬೊಯ್ ಎನ್ನುತ್ತಾರೆ. ಕಡಲ ಕರೆಯಲ್ಲಿ ಮೀನು ಹುಡಿ ಮಾಡುವ ಫಿಶ್‌ಮಿಲ್ಲು ಬಂದ ಮೇಲೆ ಆ ಮೀನು ಅನ್ನದ ಬಟ್ಟಲಿಗೆ ಬರುವ ಬದಲು ಹುಡಿಯಾಗಿ ಹಡಗು ಹತ್ತುತ್ತದೆ.

ಇಲ್ಲಿ ಉಳ್ಳಾಲದ ಕಡೆ ಹೋಗುವಾಗ ಮೂಗಿಗೆ ಬಡಿಯುವ ವಾಸನೆ ಫಿಶ್‌ಮಿಲ್ಲಿನದ್ದು ಎಂದು ಎಲ್ಲರಿಗೂ ಗೊತ್ತು. ನಾನು ಬೋಟಿನಲ್ಲಿ ಇದ್ದಾಗ ಬೆರಳುದ್ದದ ಬೂತಾಯಿಯನ್ನು ಬುಟ್ಟಿಗೆ ಅಲ್ಲ, ನೇರ ಸಲಿಕೆಯಲ್ಲಿ ಲಾರಿಗೆ ತುಂಬುತ್ತಿದ್ದೆವು. ಐಸು ಸಹ ಹಾಕುವುದಿಲ್ಲ. ಕಾಲಿಗೆ ಹತ್ತಿದ ಎಣ್ಣೆ ಎರಡು ಸಲ ಸೋಪು ಹಾಕಿದರೂ ಹೋಗುವುದಿಲ್ಲ. ಕೇರಳದಲ್ಲಿ 10 ಸೆಂಟಿಮೀಟರಿಗಿಂತ ಸಣ್ಣ ಬೂತಾಯಿ ಹಿಡಿಯಬಾರದು ಎಂದು ನಿಯಮ ಇದೆ. 58 ಜಾತಿ ಮೀನಿಗೆ ಹೀಗೆ ಅಳತೆ ಹಾಕಿದ್ದಾರೆ. ಅಳತೆ ಕೋಲು ಹಿಡಿದು ನಿಂತವರನ್ನು ನಾನು ನೋಡಿದ್ದು ಎರಡೇ ಸಲ. 2012ರಲ್ಲಿ ಕೇರಳದಲ್ಲಿ ಸುಮಾರು 4 ಲಕ್ಷ ಟನ್ ಬೂತಾಯಿ ಸಿಕ್ಕಿತ್ತು, 2021ರಲ್ಲಿ 3,297 ಟನ್. ಅದಕ್ಕೆ ಕಡಲಿನ ಬಿಸಿ, ಮಳೆ ಎಲ್ಲ ಸೇರಿದೆ, ಮಿಲ್ಲು ಮಾತ್ರ ಅಲ್ಲ, ಅದು ನನಗೂ ಗೊತ್ತು. ಆದರೆ ಇಲ್ಲದ ವರ್ಷದಲ್ಲೂ ಮರಿಯನ್ನೇ ಹುಡಿ ಮಾಡಿದರೆ?

ಪೆರ್ಲ ಅಡಿಕೆ · ಬುಧವಾರ

ಅಂದರೆ ನಮ್ಮ ಬೂತಾಯಿ ತಿಂದು ಬೆಳೆದ ಸಾಲ್ಮನ್ನೇ ದುಬೈ ಸುತ್ತಿ ಶಿರಿಯಾಕ್ಕೆ ಬಂತು ಎನ್ನಿ!

ಕಡಲ ಮಗ ಮಂಜೇಶ್ವರ · ಬುಧವಾರ

ಹಾಗೆ ಹೇಳಲು ನನ್ನ ಹತ್ತಿರ ಆಧಾರ ಇಲ್ಲ, ಸುಮ್ನೆ ಸುದ್ದಿ ಮಾಡಬೇಡಿ. ಇಲ್ಲಿಯ ಹುಡಿ ಸಿಗಡಿ ಕೆರೆಗೆ ಹೋಗುತ್ತದೆ, ಕೋಳಿ ತಿಂಡಿಗೂ ಹೋಗುತ್ತದೆ. ಇನ್ನೆಲ್ಲಿಗೆ ಎಂದು ಹುಡಿಯ ಮೇಲೆ ಬರೆದಿರುವುದಿಲ್ಲ.

ಬರ್ಗನ್ ಬದಿಯಡ್ಕ · ಬುಧವಾರ

ಕಂಪನಿಯವರ ಪರವಾಗಿ ಒಂದು ಮಾತು ಹೇಳಬೇಕು, ಇಲ್ಲದಿದ್ದರೆ ನ್ಯಾಯ ಅಲ್ಲ. 1990ರಲ್ಲಿ ಇಲ್ಲಿಯ ಸಾಲ್ಮನ್ ತಿಂಡಿಯಲ್ಲಿ 90 ಶೇಕಡಾ ಮೀನಿನ ಹುಡಿ, ಎಣ್ಣೆಯೇ ಇತ್ತು. ಈಗ ಸುಮಾರು ಕಾಲು ಭಾಗ, ಉಳಿದದ್ದು ಸೋಯಾ, ಬೇರೆ ಬೇರೆ ಎಣ್ಣೆ. ಆದರೆ ಆಗ ನಾರ್ವೆ ಬೆಳೆಯುತ್ತಿದ್ದದ್ದು ಒಂದೂವರೆ ಲಕ್ಷ ಟನ್ನಿನ ಆಸುಪಾಸು, ಈಗ 15 ಲಕ್ಷ. ಪಾಲು ಕಡಿಮೆ ಆಯಿತು, ಬಟ್ಟಲು ಹತ್ತು ಪಟ್ಟು ದೊಡ್ಡದಾಯಿತು. ಇನ್ನೊಂದು, ಆ ಕಿತ್ತಳೆ ಬಣ್ಣವೂ ತಿಂಡಿಯಿಂದಲೇ. ಬಣ್ಣದ ಅಂಶ ಸೇರಿಸದಿದ್ದರೆ ಮಾಂಸ ಬೂದು ಬಿಳಿ.

ನೀಲೇಶ್ವರ ಮಾಷ್ಟ್ರು · ಬುಧವಾರ ರಾತ್ರಿ

ತಪ್ಪಿಸಿಕೊಂಡ ಮೀನಿನ ವಿಷಯ ಯಾರೂ ಬಿಡಿಸಿ ಹೇಳಲಿಲ್ಲ. ನನಗೆ ಹೇನಿಗಿಂತ ಅದೇ ಭಯ, ಯಾಕೆಂದರೆ ಹೇನನ್ನು ಎಣಿಸಬಹುದು.

2017ರ ಆಗಸ್ಟಿನಲ್ಲಿ ಅಮೆರಿಕದ ವಾಷಿಂಗ್ಟನ್ ರಾಜ್ಯದ ಸೈಪ್ರಸ್ ದ್ವೀಪದ ಹತ್ತಿರ ಒಂದು ಪಂಜರದ ಸಾಲು ಮುರಿದು ಬಿತ್ತು. ಆ ಕಡಲು ಪೆಸಿಫಿಕ್, ಒಳಗಿದ್ದದ್ದು ಅಟ್ಲಾಂಟಿಕ್ ಸಾಲ್ಮನ್, ಅಂದರೆ ಆ ಊರಿನದ್ದೇ ಅಲ್ಲ. ಕಂಪನಿಯವರು ಮೊದಲು ಹೇಳಿದ್ದು ನಾಲ್ಕೈದು ಸಾವಿರ ಮೀನು ಹೋಗಿರಬಹುದು, ಸೂರ್ಯಗ್ರಹಣದಿಂದ ಕಡಲಿನ ಭರತ ಜೋರಾಗಿತ್ತು ಎಂದು. ನಮ್ಮಲ್ಲಿ ಗ್ರಹಣಕ್ಕೆ ಊಟ ಬಿಡುತ್ತಾರೆ, ಅಲ್ಲಿ ಮೀನು ಬಿಟ್ಟರು! ರಾಜ್ಯದವರು ತನಿಖೆ ಮಾಡಿದಾಗ ಹೋದದ್ದು ಸುಮಾರು ಎರಡೂವರೆ ಲಕ್ಷ. ಕಾರಣ ಗ್ರಹಣ ಅಲ್ಲ, ಬಲೆಯನ್ನು ಸರಿಯಾಗಿ ತೊಳೆದಿರಲಿಲ್ಲ. ಬಲೆಯ ಕಣ್ಣು ಕಣ್ಣಿಗೆ ಕಲ್ಲುಮ್ಮಕಾಯಿ ಎಂಬ ಚಿಪ್ಪಿನ ಜೀವಿ, ಮತ್ತೆ ಏನೇನೋ ಅಂಟಿ ಬೆಳೆದು, ಟನ್ನುಗಟ್ಟಲೆ ಭಾರ. ಸೆಳೆತ ಬಂದಾಗ ನೀರು ದಾಟಿ ಹೋಗಲು ಜಾಗ ಇಲ್ಲದೆ ಬಲೆ ಹಾಯಿಯ ಹಾಗೆ ಎಳೆಯಿತು. ಮರುವರ್ಷ ಅಲ್ಲಿ ಹೊರಗಿನ ಜಾತಿಯ ಮೀನನ್ನು ಪಂಜರದಲ್ಲಿ ಸಾಕುವುದನ್ನೇ ನಿಲ್ಲಿಸಲು ಕಾನೂನು ಮಾಡಿದರು.

ಸ್ವಂತ ಜಾತಿ ಆದರೆ ಇನ್ನೊಂದು ಕಷ್ಟ, ಕಾಡು ಮೀನಿನ ಜೊತೆ ಕೂಡುತ್ತದೆ. ಸಾಕು ಸಾಲ್ಮನ್ ಹತ್ತಾರು ತಲೆಮಾರಿನಿಂದ ಬೇಗ ಕೊಬ್ಬಲು ಆರಿಸಿದ ತಳಿ. ಹೊಳೆಯಲ್ಲಿ ಬದುಕುವ ಚುರುಕು ಅದಕ್ಕಿಲ್ಲ. ಐರ್ಲೆಂಡಿನ ಬರಿಶೂಲ್ ಹೊಳೆಯಲ್ಲಿ ಪರೀಕ್ಷೆ ಮಾಡಿ ನೋಡಿದ್ದಾರೆ. ಮೊಟ್ಟೆಯಿಂದ ಶುರುವಾಗಿ ವಾಪಸು ಬರುವ ತನಕ ಲೆಕ್ಕ ಹಾಕಿದರೆ, ಕಾಡು ಮೀನು 100 ಉಳಿಯುವ ಕಡೆ ಸಾಕು ಮೀನಿನ ಮಕ್ಕಳು 2. ಬೆರಕೆಯವು ನಡುವೆ ಎಲ್ಲೋ. ಪ್ರತಿ ವರ್ಷ ಹೀಗೆ ಬೆರೆತರೆ ಹೊಳೆಯ ತಳಿಯೇ ಸಪ್ಪೆ ಆಗುತ್ತದೆ. ನಾರ್ವೆಯಲ್ಲಿ ಪರೀಕ್ಷೆ ಮಾಡಿದ ಹೊಳೆಗಳಲ್ಲಿ ಮೂರರಲ್ಲಿ ಎರಡು ಪಾಲಿನಲ್ಲಿ ಈ ಬೆರಕೆಯ ಗುರುತು ಇದೆ.

2018ರ ನೆರೆಯಲ್ಲಿ ನಮ್ಮ ಚಾಲಕ್ಕುಡಿ ಹೊಳೆಯಲ್ಲಿ ಅಮೆಜಾನಿನ ಅರಪೈಮಾ ಎಂಬ ದೊಡ್ಡ ಮೀನು ಬಲೆಗೆ ಬಿತ್ತಲ್ಲ, ಅದನ್ನೂ ಯಾರೋ ಎಲ್ಲೋ 'ಭದ್ರವಾಗಿ' ಸಾಕಿದ್ದೇ. ಪಂಜರದ ಅಣ್ಣ, ನಿಮ್ಮ ಮರಿ ಎಲ್ಲಿಯದು?

ಪಂಜರ ಮೀನು · ಬುಧವಾರ ರಾತ್ರಿ

ತಮಿಳುನಾಡಿನ ಹ್ಯಾಚರಿಯದ್ದು.

ನೀಲೇಶ್ವರ ಮಾಷ್ಟ್ರು · ಗುರುವಾರ

ಪೂರ್ವದ ಕಡಲಿನ ಕುರುಡಿ. ನಮ್ಮ ಹೊಳೆಯ ಕುರುಡಿಗೆ ಇದರಿಂದ ಏನಾದರೂ ಆಗುತ್ತದೆ ಎಂದು ನಾನು ಹೇಳುತ್ತಿಲ್ಲ. ಕೇಳಿದವರು ಯಾರು ಎಂದಷ್ಟೇ.

ಇನ್ನೊಂದು, ಸಾಕುವುದೇ ತಪ್ಪು ಎಂದೂ ನನ್ನ ವಾದ ಅಲ್ಲ. ನಮ್ಮ ಪಡನ್ನ ಹಿನ್ನೀರಿಗೆ ಬನ್ನಿ. ಹಗ್ಗಕ್ಕೆ ಕಲ್ಲುಮ್ಮಕಾಯಿ ಮರಿಯನ್ನು ಹತ್ತಿಬಟ್ಟೆಯಲ್ಲಿ ಸುತ್ತಿ ಕಟ್ಟುತ್ತಾರೆ. ಬಟ್ಟೆ ಕೊಳೆತು ಹೋಗುವಷ್ಟರಲ್ಲಿ ಕಾಯಿ ಹಗ್ಗವನ್ನು ಕಚ್ಚಿ ಹಿಡಿದಿರುತ್ತದೆ. ಡಿಸೆಂಬರಿನಲ್ಲಿ ಇಳಿಬಿಟ್ಟರೆ ಮಳೆಗಾಲದ ಮೊದಲು ಎತ್ತುವುದು. ಹೆಚ್ಚಾಗಿ ಹೆಂಗಸರ ಗುಂಪುಗಳದ್ದೇ ಕೆಲಸ. ಅದಕ್ಕೆ ಒಂದು ಹಿಡಿ ತಿಂಡಿ ಹಾಕಬೇಕಾಗಿಲ್ಲ, ನೀರಿನಲ್ಲಿ ಇದ್ದದ್ದನ್ನೇ ಸೋಸಿ ತಿನ್ನುತ್ತದೆ. ಸಾಲ್ಮನ್ ಸಾಕುವುದಕ್ಕೂ ಕಲ್ಲುಮ್ಮಕಾಯಿ ಸಾಕುವುದಕ್ಕೂ ಒಂದೇ ಹೆಸರು ಇಟ್ಟದ್ದೇ ಎಡವಟ್ಟು.

ಬರ್ಗನ್ ಬದಿಯಡ್ಕ · ಗುರುವಾರ

ಮಾಷ್ಟ್ರೇ, ಐಸ್‌ಲ್ಯಾಂಡಿನ ಕಥೆ ಸೇರಿಸುತ್ತೇನೆ. 2023ರಲ್ಲಿ ಒಂದು ಪಂಜರದ ಬಲೆಯಲ್ಲಿ ತೂತಾಗಿ ಹೋದದ್ದು ಬರೀ 3,500 ಮೀನು. ಆದರೆ ಅಲ್ಲಿ ಕಾಡು ಸಾಲ್ಮನ್ನೇ ಕಡಿಮೆ, ಹಾಗಾಗಿ ಅದೇ ಜಾಸ್ತಿ. ನಾರ್ವೆಯಿಂದ ಮುಳುಗುಗಾರರನ್ನು ಕರೆಸಿ, ಹೊಳೆಯೊಳಗೆ ಇಳಿಸಿ, ಸಾಕು ಮೀನನ್ನು ಒಂದೊಂದಾಗಿ ಈಟಿಯಲ್ಲಿ ಚುಚ್ಚಿ ತೆಗೆಸಿದರು. ಗುರುತು ಹಿಡಿಯುವುದು ಹೇಗೆ ಎಂದರೆ ರೆಕ್ಕೆ, ಬಾಲ ನೋಡಿ. ಪಂಜರದಲ್ಲಿ ಒತ್ತೊತ್ತಾಗಿ ಬೆಳೆದ ಮೀನಿನ ಬಾಲದ ತುದಿ ಸವೆದಿರುತ್ತದೆ.

ಕೆನಡಾದವರು ಬ್ರಿಟಿಷ್ ಕೊಲಂಬಿಯಾದಲ್ಲಿ ಬಲೆಯ ಪಂಜರಗಳನ್ನು 2029ರ ಜೂನ್ ಒಳಗೆ ನಿಲ್ಲಿಸುತ್ತೇವೆ ಎಂದು ಹೇಳಿದ್ದಾರೆ. ನೆಲದ ಮೇಲೆ ತೊಟ್ಟಿಯಲ್ಲಿ ಸಾಕಲೂ ಬರುತ್ತದೆ. ಆದರೆ ಕರೆಂಟು ಬಿಲ್ಲು ನೋಡಿ ಹೆಚ್ಚಿನವರು ಹಿಂದೆ ಸರಿಯುತ್ತಾರೆ. ಕಡಲು ಪುಕ್ಕಟೆ ನೀರು ಕೊಡುತ್ತದೆ, ಕೊಳೆಯನ್ನೂ ಪುಕ್ಕಟೆ ಒಯ್ಯುತ್ತದೆ.

ಶಿರಿಯಾ ಹೊಳೆ · ಶುಕ್ರವಾರ

ಅಳಿಯನನ್ನು ಏರ್‌ಪೋರ್ಟಿಗೆ ಬಿಡುವಾಗ ಮಂಗಳೂರಿನ ತನಕ ಇದನ್ನೆಲ್ಲ ಹೇಳಿದೆ. ಹೇನಿನ ಕಥೆಗೆ ನಕ್ಕ, ಬೂತಾಯಿ ಹುಡಿಯ ಕಥೆಗೆ ಸುಮ್ಮನಾದ. ಉಳ್ಳಾಲದ ಹತ್ತಿರ ಕಾರಿನ ಗ್ಲಾಸು ಇಳಿಸಿದೆ. ಎರಡೇ ನಿಮಿಷ. "ಮಾವ ಏರಿಸಿ" ಎಂದ.

ಪಂಜರ ಮೀನು · ಮೇ 24

ಹಳೆ ಚರ್ಚೆ ಎಬ್ಬಿಸುತ್ತಿದ್ದೇನೆ, ಕ್ಷಮಿಸಿ. ನೆರೆ ಬರುವ ಮೊದಲು ಮೊನ್ನೆ ಪಂಜರ ಎತ್ತಿದೆ. ಬಿಟ್ಟದ್ದು 800, ಸಿಕ್ಕಿದ್ದು 611. ಸತ್ತು ಮೇಲೆ ಬಂದದ್ದನ್ನು ಪುಸ್ತಕದಲ್ಲಿ ಬರೆದಿಟ್ಟಿದ್ದೆ, 94. ಉಳಿದ 95 ಎಲ್ಲಿ? ಎರಡನೇ ಪಂಜರದ ಮೂಲೆಯಲ್ಲಿ, ನೀರಿನ ಅಡಿಗೆ, ಮುಷ್ಟಿ ಹೋಗುವಷ್ಟು ತೂತು ಇತ್ತು. ನೀರುನಾಯಿ ಕಚ್ಚಿದ್ದಾ, ಏಡಿ ಕತ್ತರಿಸಿದ್ದಾ ಗೊತ್ತಿಲ್ಲ. ಯಾವ ದಿನದಿಂದ ಇತ್ತು ಎಂದೂ ಗೊತ್ತಿಲ್ಲ. ಅಮೆರಿಕದವರು ಲೆಕ್ಕ ತಪ್ಪು ಹೇಳಿದರು ಎಂದು ಓದಿ ಆವತ್ತು ನಾನೂ ನಕ್ಕಿದ್ದೆ.

ಕಸಬ ಅಕ್ಕ · ಮೇ 24

ಹೋದ ವಾರ ನಮ್ಮ ಬಾವ ಅಳಿವೆಯಲ್ಲಿ ಗಾಳ ಹಾಕಿದ್ದಕ್ಕೆ ಮೂರು ಕುರುಡಿ ಸಿಕ್ಕಿತು. ಮೂರೂ ಒಂದೇ ಅಚ್ಚಿನಲ್ಲಿ ಎರೆದ ಹಾಗೆ, ಒಂದೇ ಸೈಜು. ನಿಮ್ಮದಾ?

ಬರ್ಗನ್ ಬದಿಯಡ್ಕ · ಮೇ 24

ಅಕ್ಕ, ಬಾಲದ ಫೋಟೋ ಹಾಕಿ! ತುದಿ ಸವೆದಿದೆಯಾ ನೋಡುವ.

ಕಸಬ ಅಕ್ಕ · ಮೇ 24

ಆವತ್ತೇ ಸಾರಾಯಿತು ಭಟ್ರೇ. ಬಾಲ ಬೆಕ್ಕಿಗೆ.